ಅಂಕಿ ಏರಿದಾಗ

ನಮ್ಮೂರಿನಲ್ಲಿ ಈಜು ಬಾರದವರು ಸಿಕ್ಕಾರು, ಕಾರು ಓಡಿಸಲು ಬಾರದವರೂ ಒಬ್ಬಿಬ್ಬರು ಸಿಕ್ಕಾರು. ನಿಂತುಹೋದ ಎದೆಯನ್ನು ಒತ್ತಲು ಬಾರದವರು ಮಾತ್ರ ಸಿಗುವುದಿಲ್ಲ. ಅದಕ್ಕೆ ಕಾರಣ ಆರ್ವೋ ಕೊಸ್ಕೆಲಾ. ಅಮೆರಿಕದ ಸುಪೀರಿಯರ್ ಸರೋವರದ ದಂಡೆಯ ಈ ಮೂಲೆಯಿಂದ ಆಸ್ಪತ್ರೆಗೆ ಹೋಗಬೇಕೆಂದರೆ ಕಾಡಿನ ರಸ್ತೆಯಲ್ಲಿ ಒಂದೂವರೆ ಗಂಟೆ ಬೇಕು. ಹಿಮ ಬಿದ್ದರೆ ರಸ್ತೆಯೇ ಇಲ್ಲ. ಹಾಗಾಗಿ ಆರ್ವೋ ಅಗ್ನಿಶಾಮಕ ಠಾಣೆಯ ಮುಖ್ಯಸ್ಥನಾದ ವರ್ಷದಿಂದಲೇ ಊರಿನವರನ್ನೆಲ್ಲ ಠಾಣೆಗೆ ಎಳೆದು ತಂದು, ನೆಲದ ಮೇಲೆ ರಬ್ಬರ್ ಗೊಂಬೆ ಮಲಗಿಸಿ, "ಒತ್ತು! ಇನ್ನೂ ಆಳಕ್ಕೆ! ಏನು ಬೆಕ್ಕಿನ ಬೆನ್ನು ಸವರ್ತಾ ಇದೀಯಾ?" ಎಂದು ಬೈದು ಬೈದು ಕಲಿಸಿದ. ಬೇಕರಿಯವಳು ಕಲಿತಳು, ಪಾದ್ರಿ ಕಲಿತರು, ಅಂಚೆ ಹಂಚುವ ರೇ ಕಲಿತ. ಬಾರಿನಲ್ಲಿ ಬೆಳಗಿನಿಂದಲೇ ಕೂರುವವರನ್ನೂ ಅವನು ಬಿಡಲಿಲ್ಲ.

ನಾನು ಜೋಲೀನ್. ಆ ಠಾಣೆಯ ಪ್ಯಾರಾಮೆಡಿಕ್. ಉಳಿದವರೆಲ್ಲ ಬೇರೆ ಬೇರೆ ಕೆಲಸ ಮಾಡಿಕೊಂಡು ಕರೆ ಬಂದಾಗ ಓಡಿ ಬರುವವರು. ಗಂಟಲಿಗೆ ಕೊಳವೆ ಇಳಿಸಲು, ರಕ್ತನಾಳಕ್ಕೆ ಔಷಧಿ ಹಾಕಲು ಪರವಾನಗಿ ಇರುವುದು ನನಗೊಬ್ಬಳಿಗೇ. ಆರ್ವೋನ ಮುಖದೆದುರು ನಾನು "ಚೀಫ್" ಎನ್ನುತ್ತಿದ್ದೆ, ಬೆನ್ನ ಹಿಂದೆ "ಮುದುಕ" ಎನ್ನುತ್ತಿದ್ದೆ. ಎರಡೂ ಅವನಿಗೆ ಗೊತ್ತಿತ್ತು.

ಅವನ ಮುದ್ದಿನ ಸಾಮಾನೆಂದರೆ ನಮ್ಮ ಮಾನಿಟರ್. ವರ್ಷ ವರ್ಷ ಊರೆಲ್ಲ ಸೇರಿ ಮೀನು ಕರಿದು ಮಾರಿ ಕೊಂಡ ಯಂತ್ರ ಅದು. ಹೃದಯದ ಗೆರೆಯನ್ನು ಹಳೆಯದೂ ತೋರಿಸುತ್ತಿತ್ತು. ಇದು ಅದರ ಕೆಳಗೆ ಇನ್ನೊಂದು ಗೆರೆ ತೋರಿಸುತ್ತದೆ. ರೋಗಿಯ ಗಂಟಲಿನ ಕೊಳವೆಗೆ ಬೆರಳುದ್ದದ ಒಂದು ಮೂತಿ ಸಿಕ್ಕಿಸಿದರೆ, ಹೊರಗೆ ಬರುವ ಉಸಿರಿನಲ್ಲಿ ಇಂಗಾಲದ ಡೈಆಕ್ಸೈಡ್ ಎಷ್ಟಿದೆ ಎಂದು ಪರದೆಯ ಮೇಲೆ ಒಂದು ಅಂಕಿ ಮೂಡುತ್ತದೆ, ಪಕ್ಕದಲ್ಲಿ ಗೆರೆ ಓಡುತ್ತದೆ. ಗೆರೆ ಏರಿ, ಸ್ವಲ್ಪ ಮಟ್ಟಸವಾಗಿ ಸಾಗಿ, ಇಳಿಯುತ್ತದೆ. ಬ್ರೆಡ್ಡಿನ ತುಂಡನ್ನು ನಿಲ್ಲಿಸಿಟ್ಟ ಹಾಗೆ. ಆರ್ವೋ ಅದನ್ನು ಬ್ರೆಡ್ ಎಂದೇ ಕರೆದ, ಊರೂ ಹಾಗೇ ಕರೆಯಿತು.

"ಗಾಳಿನ ಒಳಗೆ ತುರುಕೋಕೆ ಯಾವ ಕತ್ತೆಗಾದ್ರೂ ಬರುತ್ತೆ," ಎನ್ನುತ್ತಿದ್ದ ಅವನು ಬೋರ್ಡಿನ ಮೇಲೆ ಬ್ರೆಡ್ ಬರೆಯುತ್ತ. "ಹೊರಗೆ ಬರೋ ಗಾಳಿ ಇದೆಯಲ್ಲ, ಅದನ್ನ ಮಾಡೋದು ಮೈ. ಅದನ್ನ ಹೊತ್ಕೊಂಡು ಬಂದು ಶ್ವಾಸಕೋಶಕ್ಕೆ ಹಾಕೋದು ರಕ್ತ. ರಕ್ತ ಹರೀಲಿಲ್ಲ ಅಂದ್ರೆ ಬ್ರೆಡ್ ಇಲ್ಲ. ನೀವು ಚೆನ್ನಾಗಿ ಒತ್ತಿದ್ರೆ ರಕ್ತ ಹರಿಯುತ್ತೆ, ಬ್ರೆಡ್ ಎತ್ತರ ಆಗುತ್ತೆ. ಕೈ ಸೋತ್ರೆ ಕುಳ್ಳಗಾಗುತ್ತೆ. ಅಂಕಿ ಇಳೀತು ಅಂದ್ರೆ ಎದ್ದು ಇನ್ನೊಬ್ರಿಗೆ ಜಾಗ ಬಿಡಿ. ಅದರಲ್ಲಿ ಮಾನ ಮರ್ಯಾದೆ ನೋಡ್ಬೇಡಿ."

ಆಮೇಲೆ ಅವನ ನಿಯಮ. ಎಷ್ಟೇ ಹೊತ್ತಾಗಲಿ, ಅಂಕಿ ಹತ್ತರ ಮೇಲಿರುವವರೆಗೆ ಒತ್ತುವುದನ್ನು ನಿಲ್ಲಿಸಬಾರದು. ಎಲ್ಲ ಮಾಡಿಯೂ ಹತ್ತರ ಕೆಳಗಿಳಿದು ಅಲ್ಲೇ ಕೂತರೆ, ಮುಗಿಯಿತು. "ಆದ್ರೆ ಒಂದೊಂದ್ಸಲ," ಎಂದು ದನಿ ತಗ್ಗಿಸುತ್ತಿದ್ದ, "ಒತ್ತುತಾ ಇರ್ತೀರಿ, ಇದ್ದಕ್ಕಿದ್ದ ಹಾಗೆ ಅಂಕಿ ಜಿಗಿಯುತ್ತೆ. ಇಪ್ಪತ್ತರಲ್ಲಿದ್ದದ್ದು ನಲವತ್ತು. ಅಂದ್ರೆ ಹೃದಯ ತಾನೇ ಹೊಡ್ಕೊಳ್ಳೋಕೆ ಶುರು ಮಾಡಿದೆ! ಆಗ ಕೂಗಿ! ಸರೋವರದ ಆ ಕಡೆ ಕೆನಡಾದವರಿಗೂ ಕೇಳಿಸ್ಬೇಕು!"

ಇದಕ್ಕೆ ಸಾಕ್ಷಿ ಅಂಚೆಯ ರೇ. ಅವನು ಒಂದು ಚಳಿಗಾಲ ತನ್ನದೇ ಅಂಗಳದಲ್ಲಿ ಹಿಮ ಎತ್ತುತ್ತ ಬಿದ್ದಿದ್ದ. ಆರ್ವೋ ಒತ್ತುತ್ತಿದ್ದ, ಅಂಕಿ ಜಿಗಿಯಿತು, ಆರ್ವೋ ಕೂಗಿದ, ರೇ ಬದುಕಿದ. ಈ ಕಥೆ ಕೇಳದೆ ಒಂದು ತರಗತಿಯೂ ಮುಗಿಯುತ್ತಿರಲಿಲ್ಲ. ರೇ ಎದ್ದುನಿಂತು ಎಲ್ಲರಿಗೂ ನಮಸ್ಕಾರ ಹೇಳಬೇಕು, ಅದೂ ಕಡ್ಡಾಯ.

"ಚೀಫ್, ನಾಡಿ ನೋಡೋದನ್ನೂ ಹೇಳಿ," ಎಂದು ನಾನು ಹಿಂದಿನಿಂದ ರಾಗ ಎಳೆಯುತ್ತಿದ್ದೆ. "ಅಂಕಿ ಏರೋಕೆ ಬೇರೆ ಕಾರಣಗಳೂ ಇವೆ."

"ನಾಡಿ ನೋಡೋಕೆ ನೀನಿದ್ದೀಯಲ್ಲ, ಊರಿಗೊಬ್ಬಳು ಅಳುಮುಂಜಿ. ಇವರಿಗೆ ಮೊದಲು ಹುರುಪು ಬರ್ಲಿ ಬಿಡೆ."

ಹುರುಪು ಬರಿಸುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಎರಡು ವರ್ಷದ ಕೆಳಗೆ ಮೂತ್ರಪಿಂಡಗಳು ಕೈಕೊಟ್ಟು, ವಾರಕ್ಕೆ ಮೂರು ದಿನ ಆಸ್ಪತ್ರೆಗೆ ಹೋಗಿ ಡಯಾಲಿಸಿಸ್ ಮಾಡಿಸಿಕೊಳ್ಳಬೇಕಾಗಿ ಬಂದಾಗಲೂ ಅವನ ಹುರುಪು ಇಳಿಯಲಿಲ್ಲ. ರಕ್ತ ಒಗೆಸಿಕೊಂಡು ಬರ್ತೀನಿ ಎಂದು ಹೇಳಿ ಹೋಗುತ್ತಿದ್ದ. ಗಾಡಿ ಓಡಿಸುತ್ತಿದ್ದವರು ಹೆಂಡತಿ ಐಲಿ. ಐಲಿಯದು ಮಾತು ಕಡಿಮೆ. ಇದ್ದ ಮಾತೆಲ್ಲ ಗಂಡನನ್ನು ಬೈಯಲು ಖರ್ಚಾಗುತ್ತಿತ್ತು. ಟೋಪಿ ಹಾಕ್ಕೋ, ಉಪ್ಪು ಮುಟ್ಟಬೇಡ, ಆ ಬೂಟು ಹೊರಗೆ ಬಿಡು. ಅವನು ಬೈಸಿಕೊಳ್ಳುವಾಗ ನಗುತ್ತಿದ್ದ ರೀತಿ ನೋಡಿದರೆ, ಬೈಸಿಕೊಳ್ಳಲೆಂದೇ ತಪ್ಪು ಮಾಡುತ್ತಾನೇನೋ ಅನ್ನಿಸುತ್ತಿತ್ತು.

ಏಪ್ರಿಲ್‌ನಲ್ಲಿ ಸರೋವರದ ಮಂಜುಗಡ್ಡೆ ಒಡೆದ ಮೇಲೆ ಸ್ಮೆಲ್ಟ್ ಎಂಬ ಬೆರಳುದ್ದದ ಬೆಳ್ಳಿಮೀನು ಮೊಟ್ಟೆಯಿಡಲು ಹಳ್ಳಗಳಿಗೆ ನುಗ್ಗುತ್ತದೆ. ಜನ ಮೊಣಕಾಲು ನೀರಿನಲ್ಲಿ ನಿಂತು ಬಲೆಯಲ್ಲಿ ಬಾಚುತ್ತಾರೆ. ಭಾನುವಾರ ಮಧ್ಯಾಹ್ನ ಠಾಣೆಯಲ್ಲಿ ಮೀನಿನೂಟ. ಫೈರ್ ಎಂಜಿನ್‌ಗಳನ್ನು ಹೊರಗೆ ನಿಲ್ಲಿಸಿ ಒಳಗೆ ಉದ್ದ ಮೇಜುಗಳನ್ನು ಹಾಕುತ್ತೇವೆ. ಕರಿಯುವುದು ಆರ್ವೋನೇ, ಬೇರೆಯವರು ಜಾಲರಿ ಮುಟ್ಟಿದರೆ ಜಗಳ.

ಆ ಭಾನುವಾರ ಸರೋವರದ ಮೇಲಿಂದ ಮಂಜು ಎಷ್ಟು ದಟ್ಟವಾಗಿ ಬಂದಿತ್ತೆಂದರೆ ಠಾಣೆಯ ಬಾಗಿಲಿನಲ್ಲಿ ನಿಂತರೆ ಎದುರಿನ ಚರ್ಚು ಕಾಣುತ್ತಿರಲಿಲ್ಲ. ಒಳಗೆ ಊರಿಗೆ ಊರೇ ಕೂತಿತ್ತು. ಐಲಿ ಎಲೆಕೋಸಿನ ಸಲಾಡ್ ಬಡಿಸುತ್ತಿದ್ದರು. ನಾನು ತಟ್ಟೆ ಹಿಡಿದು ಎಣ್ಣೆಯ ಹತ್ತಿರ ಹೋದಾಗ ಆರ್ವೋನ ಮುಖ ಬೂದಿ ಬಣ್ಣಕ್ಕೆ ತಿರುಗಿದ್ದು ಕಂಡಿತು.

"ಚೀಫ್, ಕೂತ್ಕೊಳ್ಳಿ ಸ್ವಲ್ಪ."

"ನಿನ್ ತಟ್ಟೆಗೆ ಹಾಕಿ ಕೂತ್ಕೋತೀನಿ. ಹಸಿದ ಹೆಂಗಸಿನ ಮುಂದೆ ಕೂರೋಕೆ ಧೈರ್ಯ ಬೇಕು," ಎಂದ. ಜಾಲರಿ ಎತ್ತಿದ. ಜಾಲರಿಯೊಂದಿಗೇ ಬಿದ್ದ.

ಮೀನು ನೆಲದ ತುಂಬ ಚೆಲ್ಲಿತು. ನಾನು ಕುತ್ತಿಗೆಗೆ ಬೆರಳಿಟ್ಟಾಗ ನಾಡಿ ಇರಲಿಲ್ಲ. ಆಗಲೇ ಅಂಚೆಯ ರೇ ಮಂಡಿಯೂರಿ ಎದೆ ಒತ್ತಲು ಶುರುಮಾಡಿದ್ದ. ಯಾರೋ ಎಣ್ಣೆಯ ಉರಿ ಆರಿಸಿದರು, ಯಾರೋ ಮಾನಿಟರ್ ತಂದರು. ಹತ್ತು ಹೆಜ್ಜೆ ದೂರದಲ್ಲೇ ಎಲ್ಲ ಇತ್ತು. ಬೀಳುವುದಕ್ಕೆ ಇದಕ್ಕಿಂತ ಒಳ್ಳೆಯ ಜಾಗ ಊರಲ್ಲೇ ಇರಲಿಲ್ಲ. ನಾನು ಕೊಳವೆ ಇಳಿಸಿದೆ, ಮೂತಿ ಸಿಕ್ಕಿಸಿದೆ. ಪರದೆಯ ಮೇಲೆ ಮೊದಲ ಬ್ರೆಡ್ ಮೂಡಿತು, ಎತ್ತರವಾಗಿ. ಕೊಳವೆ ಸರಿಯಾದ ಜಾಗದಲ್ಲಿದೆ, ರೇ ಚೆನ್ನಾಗಿ ಒತ್ತುತ್ತಿದ್ದಾನೆ. ಹೃದಯದ ಗೆರೆ ಮಾತ್ರ ಏರಿಳಿತವಿಲ್ಲದ ಬರಿಯ ಗೆರೆ.

ಆಸ್ಪತ್ರೆಯ ಡಾಕ್ಟರು ರೇಡಿಯೋದಲ್ಲಿ ಸಿಕ್ಕರು. ಮಂಜಿನಲ್ಲಿ ಹೆಲಿಕಾಪ್ಟರ್ ಏಳುವುದಿಲ್ಲ. ಓಡುವ ಗಾಡಿಯಲ್ಲಿ ಸರಿಯಾಗಿ ಒತ್ತಲಾಗುವುದಿಲ್ಲ.

"ಉಸಿರಿನ ಅಂಕಿ ಎಷ್ಟಿದೆ?" ಎಂದರು.

"ಇಪ್ಪತ್ತೈದು."

"ಅಷ್ಟಿದ್ರೆ ನಿಲ್ಲಿಸೋ ಮಾತೇ ಇಲ್ಲ. ಅಲ್ಲೇ ಮುಂದುವರಿಸಿ."

ಮುಂದುವರಿಸಿದೆವು. ರೇನ ಕೈ ಸೋತು ಅಂಕಿ ಇಳಿಯುತ್ತಿದ್ದಂತೆ ಬೇಕರಿಯವಳು ಬಂದು ಅವನ ಭುಜ ತಟ್ಟಿದಳು. ಅವಳ ನಂತರ ಪಾದ್ರಿ. ನಾನು ತಲೆಯೆತ್ತಿ ನೋಡಿದಾಗ ಹಿಂದೆ ಒಂದು ಸಾಲು ನಿಂತಿತ್ತು. ಯಾರೂ ಹೇಳಿರಲಿಲ್ಲ. ಮೀನಿಗೆಂದು ನಿಂತಿದ್ದ ಸಾಲೇ ತಿರುಗಿ ಇತ್ತ ಬಂದ ಹಾಗಿತ್ತು. ಒಬ್ಬೊಬ್ಬರೂ ಕೋಟು ಕಳಚಿ, ತೋಳು ಮಡಚಿ, ಅವನು ಕಲಿಸಿದ ಹಾಗೆ ಮೊಣಕೈ ನೆಟ್ಟಗೆ ಇಟ್ಟುಕೊಂಡು ಕಾಯುತ್ತಿದ್ದರು. ಅಂಕಿ ಕೊಂಚ ಇಳಿದರೆ ಸಾಕು, ಯಾರದೋ ಗಂಟಲು "ಬದಲಿಸಿ" ಎನ್ನುತ್ತಿತ್ತು, ಹೊಸ ಕೈ ಬೀಳುತ್ತಿತ್ತು, ಬ್ರೆಡ್ ಮತ್ತೆ ಎದ್ದು ನಿಲ್ಲುತ್ತಿತ್ತು.

ನನಗೆ ನಿಜ ಹೊಳೆದದ್ದು ಬಹಳ ಹೊತ್ತಿನ ಮೇಲೆ. ಎರಡು ಮೂರು ಜನರ ತಂಡವಾಗಿದ್ದರೆ ಅಂಕಿ ಆಗಲೇ ಬಿದ್ದಿರುತ್ತಿತ್ತು. ಇಲ್ಲಿ ಬೀಳಲು ನಾವು ಬಿಡುತ್ತಿಲ್ಲ. ಡಾಕ್ಟರಿಗೆ ಅಷ್ಟು ದೂರದಿಂದ ಈ ಸಾಲು ಕಾಣುತ್ತಿಲ್ಲ, ಅಂಕಿ ಮಾತ್ರ ಕೇಳುತ್ತಿದೆ. ಹೃದಯ ಒಂದು ಸಲವೂ ತಾನಾಗಿ ಮಿಸುಕಿಲ್ಲ. ಆ ಇಪ್ಪತ್ತೈದು ನಮ್ಮ ತೋಳಿನದು. ಈ ಊರಿನ ಪ್ರೀತಿಯೇ ಅವನನ್ನು ಹೋಗಲೂ ಬಿಡದೆ, ಇರಲೂ ಬಿಡದೆ ಹಿಡಿದುಕೊಂಡಿದೆ ಅನ್ನಿಸಿತು. ಅವನ ನಿಯಮದಂತೆ ನಡೆದರೆ ನಾವು ನಿಲ್ಲಿಸುವುದು ಯಾವಾಗ?

ಐಲಿ ಸಲಾಡಿನ ಸೌಟು ಹಿಡಿದುಕೊಂಡೇ ಗೋಡೆಗೆ ಒರಗಿ ನಿಂತಿದ್ದರು. ನಾನು ಅವರ ಹತ್ತಿರ ಹೋಗಿ ಸೌಟು ತೆಗೆದುಕೊಂಡೆ.

"ಐಲಿ, ಬನ್ನಿ. ಅವರ ತಲೆ ಹತ್ರ ಕೂತ್ಕೊಳ್ಳಿ. ಏನಾದ್ರೂ ಹೇಳೋದಿದ್ರೆ ಈಗ ಹೇಳಿ."

ಅವರು ನನ್ನ ಮುಖ ನೋಡಿದರು. ನಾನು ಹೇಳಿದ್ದರ ಅರ್ಥ ಅವರಿಗೆ ಆಯಿತು. ನಲವತ್ತು ವರ್ಷ ಆರ್ವೋನ ಜೊತೆ ಬಾಳಿದವರಿಗೆ ಬಿಡಿಸಿ ಹೇಳಬೇಕಾಗಿರಲಿಲ್ಲ. ಬಂದು ಮಂಡಿಯೂರಿದರು. ಅವನ ಹಣೆಯ ಮೇಲಿನ ಎಣ್ಣೆಯನ್ನು ತಮ್ಮ ಏಪ್ರನ್ನಿನಿಂದ ಒರೆಸಿದರು. ಕಿವಿಯ ಹತ್ತಿರ ಬಗ್ಗಿದರು, ಬಾಯಿ ತೆರೆದರು. ಆಮೇಲೆ ತಲೆಯೆತ್ತಿ ನನ್ನನ್ನು ನೋಡಿದರು.

"ಜೋ, ನಿನ್ನೆ ಹೋಗಲಿಲ್ಲ ಇವನು."

"ಎಲ್ಲಿಗೆ?"

"ಡಯಾಲಿಸಿಸ್‌ಗೆ. ಮೀನು ತೊಳೀಬೇಕು, ಸೋಮವಾರ ಹೋಗ್ತೀನಿ ಅಂದ. ಬುಧವಾರನೂ ಅರ್ಧಕ್ಕೇ ಎದ್ದು ಬಂದಿದ್ದ. ಯಾರಿಗೂ ಹೇಳ್ಬೇಡ ಅಂದ."

ಒಮ್ಮೆಲೇ ಎಲ್ಲ ಬೇರೆಯಾಯಿತು. ರಕ್ತ ಶುದ್ಧವಾಗದೆ ಪೊಟ್ಯಾಸಿಯಂ ಏರಿದರೆ ಹೃದಯ ನಿಲ್ಲುತ್ತದೆ. ಆ ನಿಲುಗಡೆಗೆ ಮದ್ದು ಇದೆ, ನನ್ನ ಪೆಟ್ಟಿಗೆಯಲ್ಲೇ ಇದೆ. ರೇಡಿಯೋದಲ್ಲಿ ಹೇಳಿದೆ, ಡಾಕ್ಟರು ಮಾತು ಮುಗಿಯುವ ಮುಂಚೆಯೇ "ಕ್ಯಾಲ್ಸಿಯಂ ಕೊಡಿ, ಆಮೇಲೆ ಬೈಕಾರ್ಬ್, ಬೇಗ," ಎಂದರು. ಕ್ಯಾಲ್ಸಿಯಂ ಹೋಯಿತು. ಬೈಕಾರ್ಬ್ ಎಂದರೆ ಅಡುಗೆ ಸೋಡಾದ ಜಾತಿಯದೇ. ದೊಡ್ಡ ಸಿರಿಂಜಿನಲ್ಲಿ ಅದೂ ಹೋಯಿತು. ನನ್ನ ಎದೆಯಲ್ಲಿ ಆಸೆ ಹುಟ್ಟಿದ್ದು ಸುಳ್ಳಲ್ಲ.

ಆಗ ಅಂಕಿ ಜಿಗಿಯಿತು.

ಇಪ್ಪತ್ತೈದು ಮೂವತ್ತೆಂಟಾಯಿತು, ನಲವತ್ತೇಳಾಯಿತು. ಬ್ರೆಡ್ ಪರದೆಯ ನೆತ್ತಿಗೆ ಮುಟ್ಟಿತು. ಇಡೀ ಠಾಣೆ ಕೂಗಿತು. ಅವನು ಕಲಿಸಿದ ಹಾಗೆ, ಕೆನಡಾಕ್ಕೆ ಕೇಳುವ ಹಾಗೆ ಕೂಗಿತು. ಬೇಕರಿಯವಳು ಪಾದ್ರಿಯನ್ನು ತಬ್ಬಿಕೊಂಡಳು. ಮತ್ತೆ ಸರದಿ ಬಂದು ಒತ್ತುತ್ತಿದ್ದ ರೇ ಎರಡೂ ಕೈಗಳನ್ನು ಎದೆಯಿಂದ ತೆಗೆದು ಮೇಲೆತ್ತಿ, "ಬಂದ! ಬಂದ ಕಣ್ರೋ ಮುದುಕ!" ಎಂದು ಅತ್ತುಬಿಟ್ಟ.

ಐಲಿ ಆರ್ವೋನ ಎರಡೂ ಕಿವಿಗಳನ್ನು ಹಿಡಿದುಕೊಂಡರು. "ಕತ್ತೆ!" ಎಂದರು. "ಕತ್ತೆ ನನ್ಮಗನೇ! ನಿನ್ನೆ ಹೋಗು ಹೋಗು ಅಂತ ಬಡ್ಕೊಂಡೆನಲ್ಲ! ಮೀನೇ ಹೆಚ್ಚಾಯ್ತಾ ನಿಂಗೆ, ಮೀನೇ ಹೆಚ್ಚಾಯ್ತಾ? ಏಳು ನೀನು ಮೇಲೆ, ಮನೆಗೆ ನಡಿ, ಮಾಡ್ತೀನಿ ನಿಂಗೆ!" ಅವರು ಅಷ್ಟು ಗಟ್ಟಿಯಾಗಿ ಮಾತಾಡಿದ್ದನ್ನು ಊರು ಕೇಳಿರಲಿಲ್ಲ. ನಗುತ್ತಲೂ ಇದ್ದರು, ಕಣ್ಣಲ್ಲಿ ನೀರೂ ಹರಿಯುತ್ತಿತ್ತು.

ನನ್ನ ಬೆರಳು ಅವನ ಕುತ್ತಿಗೆಯ ಮೇಲಿತ್ತು. ಡಬ್, ಡಬ್, ಡಬ್ ಎಂದು ಹೊಡೆಯುತ್ತಿತ್ತು. ಅದು ನನ್ನದೇ ಬೆರಳ ತುದಿಯ ನಾಡಿ ಎಂದು ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ಬೆರಳು ಸರಿಸಿ ಮತ್ತೆ ಇಟ್ಟೆ. ಅವನದು ಏನೂ ಇರಲಿಲ್ಲ; ಪರದೆಯ ಮೇಲೆ ಹೃದಯದ ಗೆರೆಯೂ ಬರಿಯ ಗೆರೆಯೇ.

ಸೋಡಾ ರಕ್ತಕ್ಕೆ ಬಿದ್ದೊಡನೆ ತಾನೇ ಇಂಗಾಲದ ಡೈಆಕ್ಸೈಡನ್ನು ಹುಟ್ಟಿಸುತ್ತದೆ. ಹೃದಯ ಬರಲಿ ಬಿಡಲಿ, ಅಂಕಿ ಸ್ವಲ್ಪ ಹೊತ್ತು ಏರಿ ಇಳಿಯುತ್ತದೆ. ಇದು ನನಗೆ ಗೊತ್ತು, ಆರ್ವೋನಿಗೂ ಗೊತ್ತಿತ್ತು. ಔಷಧಿ ಹಾಕುವುದು ಊರಿನವರ ಕೆಲಸವಲ್ಲವೆಂದು ಅವನು ಅದನ್ನು ಅವರಿಗೆ ಹೇಳಿರಲಿಲ್ಲ. ಅಂಕಿ ಜಿಗಿದರೆ ಕೂಗಿ ಎಂದಷ್ಟೇ ಹೇಳಿದ್ದ, ಅವರು ಕೂಗಿದ್ದರು.

"ರೇ, ಒತ್ತು," ಎಂದೆ. ಗದ್ದಲದಲ್ಲಿ ಅವನಿಗೆ ಕೇಳಿಸಲಿಲ್ಲ. "ಒತ್ತೋ! ನಾಡಿ ಇಲ್ಲ! ಅದು ಔಷಧಿ, ಅವರಲ್ಲ!"

ಅಷ್ಟು ಜನರ ಸಂತೋಷವನ್ನು ಒಂದೇ ಮಾತಿನಲ್ಲಿ ಹೊಸಕಿದವಳು ನಾನು. ಈಗಲೂ ಆ ಮುಖಗಳು ಕಣ್ಣಿಗೆ ಕಟ್ಟುತ್ತವೆ. ರೇ ಗಾಬರಿಯಿಂದ ಮತ್ತೆ ಎದೆಯ ಮೇಲೆ ಬಿದ್ದ. ಐಲಿ ಆರ್ವೋನ ಕಿವಿಗಳನ್ನು ಬಿಡಲಿಲ್ಲ. ನನ್ನನ್ನು, ಪರದೆಯನ್ನು, ಮತ್ತೆ ನನ್ನನ್ನು ನೋಡಿದರು. ಅಂಕಿ ನಲವತ್ತರಿಂದ ಕೆಳಗೆ ಬರುತ್ತಿತ್ತು.

"ಇನ್ನೊಂದ್ಸಲ ಹಾಕು ಅದನ್ನ," ಎಂದರು.

ಡಾಕ್ಟರನ್ನು ಕೇಳಿ ಹಾಕಿದೆ. ಮತ್ತೆ ಏರಿತು, ಮೊದಲಿನಷ್ಟಲ್ಲ. ಈ ಸಲ ಯಾರೂ ಕೂಗಲಿಲ್ಲ. ನಾಡಿ ಬರಲಿಲ್ಲ. ಐಲಿ ಎದ್ದು ಹೋಗಿ ಮತ್ತೆ ಗೋಡೆಗೆ ಒರಗಿ ನಿಂತರು. ನಾನು ಕರೆದೆ, ತಲೆಯಾಡಿಸಿ ಬೇಡವೆಂದರು.

ಸಾಲು ಕದಲಲಿಲ್ಲ. ಒತ್ತಿದವರು ಹಿಂದೆ ಹೋಗಿ ಮತ್ತೆ ನಿಲ್ಲುತ್ತಿದ್ದರು. ಆದರೆ ಆಮೇಲಾಮೇಲೆ ಹೊಸ ಕೈ ಬಿದ್ದರೂ ಬ್ರೆಡ್ ಎದ್ದು ನಿಲ್ಲಲಿಲ್ಲ. ಕೈಗಳು ಗಟ್ಟಿಯಾಗಿಯೇ ಇದ್ದವು, ಮೈ ಒಳಗಿನಿಂದ ಮುಗಿದಿತ್ತು. ಹದಿನೆಂಟು, ಹದಿನಾಲ್ಕು, ಹನ್ನೊಂದು. ಎಲ್ಲರೂ ಪರದೆಯನ್ನು ನೋಡುತ್ತಿದ್ದರು. ಓದಲು ಕಲಿಸಿದವನೇ ಅವನು, ಅವನದನ್ನೇ ಓದುತ್ತಿದ್ದರು. ಒಂಬತ್ತಾಯಿತು, ಎಂಟಾಯಿತು, ಅಲ್ಲೇ ಕೂತಿತು.

ನಿಲ್ಲಿಸಲು ರೇಡಿಯೋದಲ್ಲಿ ಡಾಕ್ಟರು ಒಪ್ಪಿದರು. ಒತ್ತುತ್ತಿದ್ದವನು ಮತ್ತೆ ರೇನೇ ಆಗಿದ್ದ.

"ರೇ, ಸಾಕು."

"ಇನ್ನೊಂದು ಸರದಿ, ಜೋ."

"ಸಾಕು ಕಣೋ."

"ನಾನು ಬಿದ್ದಾಗ ಅವನು ಸಾಕು ಅಂದಿರ್ಲಿಲ್ಲ," ಎಂದ ರೇ. ಬೇಕರಿಯವಳು ಬಂದು, ಸರದಿ ಬದಲಿಸುವವಳಂತೆ ಅವನ ಭುಜ ತಟ್ಟಿದಳು. ಅಭ್ಯಾಸಬಲದಿಂದ ಅವನು ಕೈ ತೆಗೆದ. ಅವಳು ತನ್ನ ಕೈ ಇಡಲಿಲ್ಲ.

ಗಡಿಯಾರ ನೋಡಿ ಹೊತ್ತು ಹೇಳಿದೆ, ಪೂರ್ತಿ ಹೆಸರು ಹೇಳಿದೆ. ಪರದೆಯ ಮೇಲೆ ತೀರ ಸಣ್ಣದೊಂದು ಬ್ರೆಡ್ ಮೂಡಿ, ಆಮೇಲೆ ಗೆರೆ ನೆಲಕ್ಕೆ ಅಂಟಿಕೊಂಡು ಓಡಿತು. ಯಂತ್ರ ಆರಿಸಲು ನನಗೆ ಕೈ ಬರಲಿಲ್ಲ, ಪಾದ್ರಿಯೇ ಆರಿಸಿದರು. ಜನ ಮನೆಗೆ ಹೋಗಲಿಲ್ಲ. ನೆಲ ಒರೆಸಿದರು, ಮೀನು ಗುಡಿಸಿದರು, ಬಾಣಲೆಗಳನ್ನು ತಿಕ್ಕಿ ತಿಕ್ಕಿ ತೊಳೆದರು. ತೊಳೆದದ್ದನ್ನೇ ಮತ್ತೆ ತೊಳೆದರು.

ಮೇ ತಿಂಗಳಲ್ಲಿ ಒಂದು ಬೆಳಿಗ್ಗೆ ಐಲಿ ಫೋನ್ ಮಾಡಿ ಕಾಫಿಗೆ ಬಾ ಎಂದರು. ಹೋದೆ. ಆರ್ವೋನ ಬೂಟುಗಳು ಒಳಗೇ, ಒಲೆಯ ಪಕ್ಕದಲ್ಲಿದ್ದವು. ಐಲಿ ಏಲಕ್ಕಿ ಹಾಕಿದ ನಿಸು ಎಂಬ ಸಿಹಿ ಬ್ರೆಡ್ ಕತ್ತರಿಸಿ ಮುಂದಿಟ್ಟರು. ನನಗೆ ಆ ತುಂಡು ನೋಡಲಾಗಲಿಲ್ಲ. ಅವರಿಗೂ ಅದು ಗೊತ್ತಾಯಿತೇನೋ, ತುಂಡನ್ನು ಅಡ್ಡ ಮಲಗಿಸಿದರು.

"ಒಂದು ವಿಷ್ಯ ಕೇಳ್ತೀನಿ. ನನ್ನ ಸಮಾಧಾನಕ್ಕೆ ಅಂತ ಸುಳ್ಳು ಹೇಳ್ಬೇಡ."

"ಇಲ್ಲ, ಕೇಳಿ."

"ನೀನು ಹೇಳೋದಿದ್ರೆ ಹೇಳಿ ಅಂದೆಯಲ್ಲ, ಆಗ ನಂಗೆ ಏನು ಹೇಳ್ಬೇಕು ಅಂತ ಗೊತ್ತಿತ್ತು. ಈ ನಲವತ್ತು ವರ್ಷದಲ್ಲಿ ಒಂದು ದಿನನೂ ಹೇಳಿರ್ಲಿಲ್ಲ. ನಮ್ಮ ಮನೆತನದಲ್ಲಿ ಅದನ್ನೆಲ್ಲ ಬಾಯಿಬಿಟ್ಟು ಹೇಳೋ ಪದ್ಧತಿ ಇಲ್ಲ. ಅವತ್ತು ಬಾಯಿಗೆ ಬಂದಿತ್ತು, ಜೋ. ತುಟಿವರೆಗೂ ಬಂದಿತ್ತು. ಅಷ್ಟರಲ್ಲಿ ಡಯಾಲಿಸಿಸ್ ನೆನಪಾಯ್ತು. ಅದನ್ನ ನಿಂಗೆ ಮೊದ್ಲು ಹೇಳೋಣ, ಇದನ್ನ ಅವನಿಗೆ ಆಮೇಲೆ ಹೇಳಿದ್ರಾಯ್ತು ಅಂದ್ಕೊಂಡೆ." ಅವರು ಚಾಕುವಿನಿಂದ ಮೇಜಿನ ಮೇಲಿನ ಪುಡಿಯನ್ನು ಒಂದೆಡೆ ಸೇರಿಸಿದರು. "ಆಮೇಲೆ ಎಲ್ರೂ ಕೂಗಿದ್ರು. ಬದುಕ್ದ ಅಂದ್ರು. ಬದುಕಿದವನಿಗೆ ಅದನ್ನ ಯಾಕೆ ಹೇಳ್ಬೇಕು? ಬೈದೆ."

ಚಾಕು ಕೆಳಗಿಟ್ಟು ನನ್ನ ಕಡೆ ತಿರುಗಿದರು.

"ಅದು ಅವನಿಗೆ ಕೇಳಿಸ್ತಾ?"

ಏನು ಹೇಳಲಿ? ಕೇಳಿಸಿತು ಎಂದರೆ, ಅವನು ಈ ಲೋಕದಲ್ಲಿ ಕೊನೆಗೆ ಕೇಳಿದ್ದು ಕತ್ತೆ ಎಂಬ ಬೈಗುಳ. ಕೇಳಿಸಲಿಲ್ಲ ಎಂದರೆ, ಇವರು ಮಾತಾಡಿದ್ದು ಯಾರೂ ಇಲ್ಲದ ಮೈಗೆ; ಮೊದಲೇ ಹೇಳಿದ್ದರೂ ಅಷ್ಟೇ ಆಗುತ್ತಿತ್ತು. ಯಾವ ಉತ್ತರ ಅವರಿಗೆ ಕಡಿಮೆ ನೋವು ಎಂದು ಅವರ ಮುಖದಲ್ಲಿ ಹುಡುಕಿದೆ. ಅಲ್ಲಿ ಏನೂ ಸಿಗಲಿಲ್ಲ. ಅವರಿಗೆ ಬೇಕಾಗಿದ್ದದ್ದು ನಿಜವೊಂದೇ.

"ಗೊತ್ತಿಲ್ಲ ಐಲಿ. ನಾವು ಒತ್ತುತಾ ಇದ್ದಾಗ ತಲೆಗೆ ರಕ್ತ ಹೋಗ್ತಾ ಇತ್ತು. ಅಂಥ ಹೊತ್ತಲ್ಲಿ ಕೆಲವರಿಗೆ ಕೇಳಿಸಿದ್ದು ಉಂಟು. ಆದ್ರೆ ನೀವು ಬೈತಾ ಇದ್ದಾಗ ರೇ ಕೈ ತೆಗೆದುಬಿಟ್ಟಿದ್ದ. ನಿಜವಾಗ್ಲೂ ಗೊತ್ತಿಲ್ಲ."

"ಹೂಂ," ಎಂದರು. "ಗೊತ್ತಿಲ್ಲ ಅಂದ್ರೆ ಗೊತ್ತಿಲ್ಲ."

"ಆಮೇಲೂ ಹೊತ್ತಿತ್ತಲ್ಲ. ನಾನು ಕರೆದೆ, ನೀವು ಬರಲಿಲ್ಲ."

"ಹೇಗೆ ಬರ್ಲಿ? ಒಂದ್ಸಲ ಬದುಕ್ದ ಅಂದ್ಕೊಂಡ ಮೇಲೆ ಬಂದು 'ಹೋಗಿ ಬಾ' ಅಂದ್ರೆ, ನಾನೇ ಕಳಿಸಿದ ಹಾಗೆ ಆಗ್ತಿರ್ಲಿಲ್ವಾ?"

"ಈಗ ಹೇಳಿಬಿಡಿ. ಜೋರಾಗಿ. ನಾನು ಬೇಕಾದ್ರೆ ಹೊರಗೆ ಹೋಗ್ತೀನಿ."

ಐಲಿ ಮೇಜಿನ ಆ ತುದಿಯ ಖಾಲಿ ಕುರ್ಚಿಯನ್ನು ನೋಡಿದರು. "ಯಾರಿಗೆ? ಕುರ್ಚಿಗಾ?" ಎಂದರು. ಇಬ್ಬರೂ ನಕ್ಕೆವು. ನಗು ಅರ್ಧಕ್ಕೇ ಮುರಿದು ಅವರು ಏಪ್ರನ್ನಿನಲ್ಲಿ ಮುಖ ಮುಚ್ಚಿಕೊಂಡರು. ನಾನು ಕಾಫಿ ಆರುವವರೆಗೂ ಅವರ ಬೆನ್ನ ಮೇಲೆ ಕೈ ಇಟ್ಟುಕೊಂಡು ಕೂತಿದ್ದೆ.

ಚಳಿಗಾಲಕ್ಕೆ ಮುಂಚೆ ತರಗತಿ ನಡೆಯಲೇಬೇಕು. ಈ ಸಲ ನಡೆಸುವವಳು ನಾನು. ನನಗೆ ಆರ್ವೋನ ನಾಲಿಗೆ ಇಲ್ಲ, ಅವನ ಬೈಗುಳವೂ ಇಲ್ಲ. ಶನಿವಾರ ಬೆಳಿಗ್ಗೆ ಠಾಣೆಗೆ ಹೋದರೆ ಊರಿನವರು ಬಂದು ಕೂತಿದ್ದರು, ಆ ಸಾಲಿನಲ್ಲಿದ್ದವರೆಲ್ಲ ಇದ್ದರು. ಬೋರ್ಡಿನ ಮೇಲೆ ಅವನು ಬರೆದ ಬ್ರೆಡ್ ಇನ್ನೂ ಹಾಗೇ ಇತ್ತು, ಪಕ್ಕದಲ್ಲಿ ದಪ್ಪ ಅಕ್ಷರದಲ್ಲಿ "ಕೂಗಿ!" ಅಂತ. ಒರೆಸಲು ನಾನು ಬಟ್ಟೆ ಎತ್ತಿಕೊಂಡರೆ ಪಾದ್ರಿಯವರು ಕೆಮ್ಮಿದರು, ಬೇಕರಿಯವಳು ಮುಖ ತಿರುಗಿಸಿದಳು. ಅವತ್ತು ಎಲ್ಲರನ್ನೂ ದಾರಿ ತಪ್ಪಿಸಿದ ಮಾತನ್ನೂ ಉಳಿಸಬೇಕೇ ಎಂದು ನನಗೆ ಸಿಟ್ಟೇ ಬಂತು. ಬಟ್ಟೆ ಕೆಳಗಿಟ್ಟು ಪಾಠ ಶುರುಮಾಡಿದೆ. ಗಾಳಿ, ರಕ್ತ, ಬ್ರೆಡ್, ಕೈ ಬದಲಿಸುವುದು. ಅಂಕಿ ಜಿಗಿಯುವ ಜಾಗಕ್ಕೆ ಬಂದಾಗ ನನ್ನ ಮಾತು ನಿಂತುಹೋಯಿತು. ರೇ ತಲೆ ತಗ್ಗಿಸಿ ಕೂತಿದ್ದ. ಈ ಸಲ ಎದ್ದುನಿಂತು ನಮಸ್ಕಾರ ಹೇಳು ಎನ್ನಲು ಯಾರೂ ಇರಲಿಲ್ಲ.

ಹಿಂದೆ ಕಾಫಿ ಪಾತ್ರೆಯ ಹತ್ತಿರ ನಿಂತಿದ್ದ ಐಲಿ ಮುಂದೆ ಬಂದರು. ಬಟ್ಟೆ ಮುಟ್ಟಲಿಲ್ಲ, ನನ್ನ ಕೈಯಿಂದ ಸೀಮೆಸುಣ್ಣ ಕೇಳಿ ಇಸಿದುಕೊಂಡರು. ಬ್ರೆಡ್ಡಿಗೂ "ಕೂಗಿ!" ಎಂಬುದಕ್ಕೂ ನಡುವೆ ಇದ್ದ ಸ್ವಲ್ಪ ಜಾಗದಲ್ಲಿ ಸಣ್ಣದಾಗಿ "ನಾಡಿ ನೋಡಿ" ಎಂದು ಬರೆದರು.

"ಮೊದ್ಲು ಇದು," ಎಂದರು. "ಆಮೇಲೆ ಅದು. ಬೆರಳಿಗೆ ಸಿಗೋವರೆಗೂ ಯಾರೂ ಬಾಯಿ ಬಿಡ್ಬೇಡಿ. ಪಕ್ಕದಲ್ಲಿ ಕೂತಿರೋರಿಗೆ ಹೇಳೋದು ಇರುತ್ತೆ."

ಐಲಿ ರೇನ ಮುಂದೆ ನಿಂತು, ಅವನ ಗಲ್ಲ ಎತ್ತಿ, ಕುತ್ತಿಗೆಯ ಪಕ್ಕಕ್ಕೆ ಎರಡು ಬೆರಳಿಟ್ಟರು. "ಇಲ್ಲಿ. ನೋಡ್ಕೊಳ್ಳಿ ಎಲ್ರೂ." ಸಿಕ್ಕ ಮೇಲೆ ತಲೆಯಾಡಿಸಿ ಬೇಕರಿಯವಳ ಹತ್ತಿರ ಹೋದರು. ಅವಳಾದ ಮೇಲೆ ಪಾದ್ರಿ. ಒಬ್ಬರನ್ನೂ ಬಿಡದೆ, ಅವತ್ತು ಅವನ ಎದೆ ಒತ್ತಿದ ಒಬ್ಬೊಬ್ಬರ ಕುತ್ತಿಗೆಯನ್ನೂ ಮುಟ್ಟಿ ನೋಡುತ್ತ ಸಾಲಿನುದ್ದಕ್ಕೂ ಬಂದರು. ಕೊನೆಗೆ ನನ್ನ ಹತ್ತಿರ ಬಂದು ಬೆರಳಿಟ್ಟರು. ನಾಡಿ ಸಿಕ್ಕಿತ್ತು, ಅವರಿಗೂ ಗೊತ್ತಿತ್ತು, ಆದರೂ ಬೆರಳು ತೆಗೆಯಲಿಲ್ಲ.